ಪೈಲ್ವಾನನ ಕಣ್ಣೀರು, ಹಾಲಿನ ಲೆಕ್ಕ ಮತ್ತು ನಮ್ಮ ಹಳಿಯಾಳ

ಸುದೀಪ್ ನಟಿಸಿದ 'ಪೈಲ್ವಾನ್' ಸಿನಿಮಾ ನೀವು ನೋಡಿರಬಹುದು. 2019ರ ಸೆಪ್ಟೆಂಬರಿನಲ್ಲಿ ಬಂದದ್ದು, ಎಸ್. ಕೃಷ್ಣ ನಿರ್ದೇಶನದ್ದು. ಕತೆ ತೀರಾ ಹೊಸದೇನಲ್ಲ. ಅನಾಥ ಹುಡುಗನೊಬ್ಬನನ್ನು ಸರ್ಕಾರ್ ಎಂಬ ಹಿರಿಯ (ಸುನೀಲ್ ಶೆಟ್ಟಿ) ಮನೆಗೆ ಕರೆತಂದು ಸಾಕುತ್ತಾನೆ, ಕುಸ್ತಿ ಕಲಿಸುತ್ತಾನೆ. ದೊಡ್ಡ ಪಂದ್ಯ ಗೆಲ್ಲುವ ತನಕ ಪ್ರೀತಿ, ಮದುವೆ ಅಂತ ಮನಸ್ಸು ಆ ಕಡೆ ಈ ಕಡೆ ಹೋಗಬಾರದು ಅನ್ನೋದು ಆತನ ಕಟ್ಟಪ್ಪಣೆ. ಹುಡುಗ ಬೆಳೆದು ದೊಡ್ಡವನಾಗಿ ರುಕ್ಮಿಣಿಯನ್ನು ಪ್ರೀತಿಸುತ್ತಾನೆ, ಮದುವೆಯೂ ಆಗುತ್ತಾನೆ. ಸಾಕಿದವನಿಗೆ ಸಿಟ್ಟಿಗಿಂತ ಹೆಚ್ಚಾಗಿ ನೋವಾಗುತ್ತದೆ. ಕೃಷ್ಣ ಮನೆ ಬಿಟ್ಟು, ಕುಸ್ತಿ ಬಿಟ್ಟು, ಹೆಂಡತಿಯ ಜೊತೆ ಎಲ್ಲೋ ದುಡಿದು ತಿನ್ನುವ ಸಂಸಾರಸ್ಥನಾಗುತ್ತಾನೆ. ಕೊನೆಗೆ ಬಾಕ್ಸಿಂಗ್ ರಿಂಗಿಗೆ ಇಳಿದು ಗೆಲ್ಲುತ್ತಾನೆ. ಗೆಲ್ಲಲೇಬೇಕಲ್ಲ, ಸಿನಿಮಾ ತಾನೆ :-)

ಫೈಟುಗಳನ್ನು ನಾನು ಆಗಲೇ ಮರೆತಿದ್ದೇನೆ. ಮನಸ್ಸಿನಲ್ಲಿ ಉಳಿದದ್ದು ಬೇರೆ. ಅಷ್ಟು ದೊಡ್ಡ ಮೈಯ ಇಬ್ಬರು ಗಂಡಸರು, ಒಬ್ಬ ಸಾಕಿದವನು, ಒಬ್ಬ ಸಾಕಿಸಿಕೊಂಡವನು, 'ನೀನಿಲ್ಲದೆ ನನಗೆ ಆಗಲ್ಲ' ಅನ್ನೋ ಒಂದು ಮಾತನ್ನು ಪರಸ್ಪರ ಹೇಳಲಾಗದೆ ವರ್ಷಗಟ್ಟಲೆ ದೂರವಿರುತ್ತಾರೆ. ಅದೇ ಮಾತನ್ನು ಕೃಷ್ಣ ಹೆಂಡತಿಗೆ ಸಲೀಸಾಗಿ ಹೇಳಬಲ್ಲ. ಅಪ್ಪನಂಥವನಿಗೆ ಮಾತ್ರ ಹೇಳಲಾರ.

ಇದನ್ನು ನೋಡಿದಾಗ ಒಂದು ಪ್ರಶ್ನೆ ಹುಟ್ಟಿತು. ಪೈಲವಾನ ಪ್ರೀತಿಸಬಾರದು, ಅಳಬಾರದು ಅನ್ನೋ ನಿಯಮ ಮಾಡಿದ್ದು ಯಾರು? ಯಾವಾಗ? ಯಾರ ಅನುಕೂಲಕ್ಕೆ? ನಾನು ದಾಂಡೇಲಿಯವನು, ಪಕ್ಕದ ಹಳಿಯಾಳ ಕುಸ್ತಿಗೆ ಹೆಸರಾದ ಊರು. ಹಾಗಾಗಿ ಈ ಪ್ರಶ್ನೆ ನನಗೆ ಸಿನಿಮಾದ ಆಚೆಗೂ ಕಾಡಿತು. ಅದರ ಬೆನ್ನು ಹತ್ತಿ ಹೋದಾಗ ಕಂಡದ್ದನ್ನು ಇಲ್ಲಿ ಬರೆಯುತ್ತಿದ್ದೇನೆ. ಸ್ವಲ್ಪ ಉದ್ದ ಇದೆ, ಸಮಾಧಾನದಿಂದ ಓದಿ.

* * *

ಉತ್ತರ ಕನ್ನಡ ಅಂದ ಕೂಡಲೇ ಎಲ್ಲರಿಗೂ ನೆನಪಾಗೋದು ಕಾರವಾರದ ಕಡಲು, ಶಿರಸಿಯ ಅಡಿಕೆ ತೋಟ, ಯಕ್ಷಗಾನ. ಹಳಿಯಾಳ ಆ ಚಿತ್ರಕ್ಕೆ ಹೊಂದುವುದಿಲ್ಲ. ಘಟ್ಟದ ಕಾಡು ಮುಗಿದು ಬಯಲು ಶುರುವಾಗುವ ಜಾಗ ಅದು. ಧಾರವಾಡಕ್ಕೆ ಒಂದು ತಾಸಿನ ದಾರಿ. ಭತ್ತ, ಕಬ್ಬು ಬೆಳೆಯುವ ಹೊಲಗಳು. ಸಂತೆಯಲ್ಲಿ ನಿಂತರೆ ಕನ್ನಡ, ಮರಾಠಿ, ಕೊಂಕಣಿ, ಉರ್ದು ಎಲ್ಲವೂ ಕಿವಿಗೆ ಬೀಳುತ್ತವೆ. ಮರಾಠಾ ಸಮಾಜದವರು ಹೆಚ್ಚು. ಆದ್ದರಿಂದ ಇಲ್ಲಿನ ಕುಸ್ತಿಯ ಮುಖ ಮೈಸೂರಿನ ಗರಡಿ ಮನೆಗಳ ಕಡೆಗಿಲ್ಲ, ಬೆಳಗಾವಿ-ಕೊಲ್ಹಾಪುರದ ಕಡೆಗಿದೆ. ಗುರುವಿಗೆ ವಸ್ತಾದ ಅಂತಾರೆ. ಸಾಧನೆ ಮಾಡುವ ಜಾಗ ತಾಲೀಮು. ತಿನ್ನೋದಕ್ಕೆ ಖುರಾಕು. ಊರ ಜಾತ್ರೆಯಲ್ಲಿ ಹಲಗಿ ಬಡಿತದ ನಡುವೆ ಜೋಡಿ ಕಟ್ಟಿ ಬಿಡುತ್ತಾರೆ. ಒಬ್ಬ ಚಿತ್ ಆಗುವ ತನಕ ಆಟ.

ಅಖಾಡದ ಮಣ್ಣು ಸಾದಾ ಮಣ್ಣಲ್ಲ. ಕೆಂಪು ಮಣ್ಣನ್ನು ಜರಡಿ ಹಿಡಿದು, ಎಣ್ಣೆ, ಮಜ್ಜಿಗೆ, ಅರಿಶಿನ, ನಿಂಬೆರಸ ಹಾಕಿ ಹದ ಮಾಡುತ್ತಾರೆ. ಮೂಲೆಯಲ್ಲೊಬ್ಬ ಹನುಮಂತ ಇದ್ದೇ ಇರುತ್ತಾನೆ. ಹನುಮಂತನೇ ಯಾಕೆ ಅಂದರೆ ಬ್ರಹ್ಮಚಾರಿ ಅಂತ. ಬಲ ಅನ್ನೋದು ಮೈಯೊಳಗೆ ಕೂಡಿಟ್ಟುಕೊಳ್ಳುವ ಗಂಟು, ಹೆಣ್ಣಿನ ಯೋಚನೆ ಬಂದರೆ ಗಂಟು ಕರಗುತ್ತದೆ ಅನ್ನೋದು ಅಖಾಡದ ನಂಬಿಕೆ. ಅಮೆರಿಕದ ಮಾನವಶಾಸ್ತ್ರಜ್ಞ ಜೋಸೆಫ್ ಆಲ್ಟರ್ ಬನಾರಸಿನ ಅಖಾಡಗಳಲ್ಲಿ ಇದ್ದು, ಅಭ್ಯಾಸ ಮಾಡಿ 1992ರಲ್ಲಿ ಒಂದು ಪುಸ್ತಕ ಬರೆದರು. ಅಲ್ಲಿಯೂ ಇದೇ ಲೆಕ್ಕ. ಹಾಲು, ತುಪ್ಪ, ಬಾದಾಮಿ ಒಳಗೆ ಹೋಗಬೇಕು, ವೀರ್ಯವಾಗಬೇಕು, ಹೊರಗೆ ಮಾತ್ರ ಹೋಗಬಾರದು. ಆಲ್ಟರ್ ಗಮನಿಸಿದ ಇನ್ನೊಂದು ಸಂಗತಿ ನನಗೆ ಹೆಚ್ಚು ಹಿಡಿಸಿತು. ಪೈಲವಾನನ ಬ್ರಹ್ಮಚರ್ಯ ಬರೀ ಹೆಣ್ಣಿನ ವಿಷಯವಲ್ಲ. ಕೋಪ, ದುಃಖ, ಅತಿಯಾದ ನಗು ಎಲ್ಲವನ್ನೂ ಹತೋಟಿಯಲ್ಲಿಡಬೇಕು. ಅಂದರೆ ಮೈಯಂತೆ ಮನಸ್ಸಿಗೂ ಲಂಗೋಟಿ ಬಿಗಿಯಬೇಕು!

ಇದೆಲ್ಲ ಧರ್ಮ, ಯೋಗ, ಹನುಮಂತನ ಭಕ್ತಿ ಅಂತ ಹೇಳಿ ಮುಗಿಸಬಹುದು. ಆದರೆ ಇತಿಹಾಸ ಇನ್ನೊಂದು ಕತೆಯನ್ನೂ ಹೇಳುತ್ತದೆ. ಅದು ಹಾಲಿನ ಲೆಕ್ಕದ ಕತೆ.

* * *

ಕಲ್ಯಾಣಿ ಚಾಲುಕ್ಯರ ದೊರೆ ಮೂರನೇ ಸೋಮೇಶ್ವರ ಗೊತ್ತಲ್ಲ, ಇಂದಿನ ಬಸವಕಲ್ಯಾಣದಿಂದ ಆಳಿದವನು. 12ನೇ ಶತಮಾನದ ಮೊದಲರ್ಧದಲ್ಲಿ 'ಮಾನಸೋಲ್ಲಾಸ' ಎಂಬ ಸಂಸ್ಕೃತ ಗ್ರಂಥ ಬರೆದ. ಅಡುಗೆ, ಆನೆ, ಸಂಗೀತ, ಮೀನು ಹಿಡಿಯೋದು, ಏನಿಲ್ಲ ಅದರಲ್ಲಿ! ಅದರಲ್ಲೊಂದು ಭಾಗ 'ಮಲ್ಲವಿನೋದ'. ಮಲ್ಲರನ್ನು ವಯಸ್ಸು, ಮೈಕಟ್ಟು, ಬಲ ನೋಡಿ ಹೇಗೆ ವಿಂಗಡಿಸಬೇಕು, ಯಾವ ಸಾಧನೆ ಮಾಡಿಸಬೇಕು, ಏನು ತಿನ್ನಿಸಬೇಕು ಎಂದೆಲ್ಲ ವಿವರ ಇದೆ. ಬೇಳೆಕಾಳು, ಮಾಂಸ, ಹಾಲು, ಸಕ್ಕರೆ, ಸಿಹಿತಿಂಡಿ, ಇವನ್ನು ಒದಗಿಸುವ ಹೊಣೆ ಅರಸನದು. ಅದರ ಜೊತೆಗೇ ಇನ್ನೊಂದು ನಿಯಮ: ಮಲ್ಲರನ್ನು ಅರಮನೆಯ ಹೆಂಗಸರಿಂದ ದೂರ ಇಡಬೇಕು, ಅವರು ಮೈ ಬೆಳೆಸುವುದರಲ್ಲೇ ಇರಬೇಕು.

ಹಾಲೂ ಅರಸನದೇ, ನಿಯಮವೂ ಅರಸನದೇ. ಆ ಭಾಗದ ಹೆಸರು ನೋಡಿ, ಮಲ್ಲ-ವಿನೋದ. ವಿನೋದ ಯಾರಿಗೆ? ಅರಸನಿಗೆ. ಮಲ್ಲ ಅರಸನ ಆನೆಯಂತೆ, ಕುದುರೆಯಂತೆ. ಚೆನ್ನಾಗಿ ಮೇಯಿಸಿ, ಚೆನ್ನಾಗಿ ತೊಳೆದು, ಕಣಕ್ಕೆ ಬಿಟ್ಟು ನೋಡುವ ಸೊತ್ತು. ಸೊತ್ತಿಗೆ ಸ್ವಂತ ಮನಸ್ಸು ಇರಬಾರದು. ಇದ್ದರೆ ಹಾಕಿದ ಹಾಲು ನಷ್ಟ.

ಸುಮಾರು 800 ವರ್ಷ ಮುಂದೆ ಬಂದರೆ ಕೊಲ್ಹಾಪುರದ ಶಾಹು ಮಹಾರಾಜರು ಸಿಗುತ್ತಾರೆ. 1894ರಿಂದ 1922ರವರೆಗೆ ಆಳಿದವರು. ಹಿಂದುಳಿದ ಜಾತಿಗಳಿಗೆ ಮೀಸಲಾತಿ, ವಿದ್ಯಾರ್ಥಿ ನಿಲಯಗಳು, ಎಲ್ಲದರಲ್ಲೂ ಹೆಸರು ಮಾಡಿದ ರಾಜ. ಸ್ವತಃ ಕುಸ್ತಿಯ ಹುಚ್ಚು. ಯುರೋಪ್ ಪ್ರವಾಸದಲ್ಲಿ ರೋಮಿನ ಕಲೋಸಿಯಂ ನೋಡಿ ಬಂದು 1912ರಲ್ಲಿ ಖಾಸಬಾಗ್ ಕುಸ್ತಿ ಮೈದಾನ ಕಟ್ಟಿಸಿದರು. ನಮ್ಮ ಬೆಳಗಾವಿ, ಧಾರವಾಡ ಕಡೆಯ ಹುಡುಗರಿಗೂ ಕೊಲ್ಹಾಪುರದ ತಾಲೀಮು ಅಂದರೆ ಕಾಶಿ ಇದ್ದ ಹಾಗೆ ಆಯಿತು. ಬಡ ರೈತನ ಮಗನಿಗೂ ಮೈಯ ಬಲದಿಂದ ಮಾನ ಸಿಗುವ ದಾರಿ ತೆರೆಯಿತು. ಇದು ಸಣ್ಣ ಮಾತಲ್ಲ. ಆದರೆ ಆ ದಾರಿಯೂ ರಾಜನ ಕೈಯಿಂದಲೇ ಹಾದುಹೋಗುತ್ತಿತ್ತು.

ರಾಜ ಹೋದ ಮೇಲೆ ಏನಾಗುತ್ತದೆ? ಗಾಮಾ ಪೈಲವಾನನನ್ನು ನೋಡಿ. 1910ರಲ್ಲಿ ಲಂಡನ್ನಿಗೆ ಹೋಗಿ ಪೋಲೆಂಡಿನ ಜ್ಬಿಸ್ಕೋನನ್ನು ಎರಡೂವರೆ ತಾಸು ನೆಲಕ್ಕೆ ಕವುಚಿ ಹಾಕಿದ್ದವನು. ಆ ದಿನ ಪಂದ್ಯ ಸಮವಾಯಿತು. ಮತ್ತೊಂದು ದಿನಕ್ಕೆ ಕರೆದರೆ ಎದುರಾಳಿ ಬರಲೇ ಇಲ್ಲ, ಬೆಲ್ಟು ಗಾಮಾನ ಪಾಲಾಯಿತು. ಪಟಿಯಾಲ ಮಹಾರಾಜರ ಆಶ್ರಯದಲ್ಲಿದ್ದವನು. ದೇಶ ವಿಭಜನೆಯಾಯಿತು, ಸಂಸ್ಥಾನಗಳು ಹೋದವು. ಲಾಹೋರಿನಲ್ಲಿ ಕೊನೆಗಾಲದಲ್ಲಿ ಕಾಯಿಲೆ, ಕೈಯಲ್ಲಿ ಕಾಸಿಲ್ಲ. ಗಡಿಯಾಚೆಯಿಂದ ಜಿ.ಡಿ. ಬಿರ್ಲಾ ನೆರವು ಕಳಿಸಬೇಕಾಯಿತು. 1960ರಲ್ಲಿ ತೀರಿಕೊಂಡ. ಜಗತ್ತಿನಲ್ಲಿ ಯಾರಿಗೂ ಸೋಲದವನು ಔಷಧದ ಖರ್ಚಿಗೆ ಸೋತ.

ನಮ್ಮ ಸಾಫ್ಟ್‌ವೇರ್ ಕೆಲಸದಲ್ಲಿ 'ಡಿಪೆಂಡೆನ್ಸಿ' ಅಂತ ಒಂದು ಮಾತಿದೆ. ಹೊರಗಿನಿಂದ ನೋಡಿದರೆ ಪ್ರೋಗ್ರಾಂ ತನ್ನಷ್ಟಕ್ಕೆ ತಾನೇ ಓಡುತ್ತಿರುತ್ತದೆ. ಒಳಗೆ ಅದು ಎಲ್ಲೋ ಯಾರೋ ಬರೆದ ಇನ್ನೊಂದರ ಮೇಲೆ ನಿಂತಿರುತ್ತದೆ. ಅದನ್ನು ತೆಗೆದುಬಿಟ್ಟ ದಿನವೇ ಗೊತ್ತಾಗೋದು. ಪೈಲವಾನನ ಗಂಡಸುತನವೂ ಹೀಗೆಯೇ. ಅವನು ಮುಚ್ಚಿಡಬೇಕಾದ ದೊಡ್ಡ ಗುಟ್ಟು ಕಣ್ಣೀರಲ್ಲ, ತಾನು ಇನ್ನೊಬ್ಬರನ್ನು ನಂಬಿ ನಿಂತಿದ್ದೇನೆ ಅನ್ನೋದು. ಕಣ್ಣೀರು ಬಂದರೆ ಆ ಗುಟ್ಟು ಹೊರಬೀಳುತ್ತದೆ ಅಂತ ಕಣ್ಣೀರಿಗೆ ನಿಷೇಧ.

* * *

ಈಗ ಸಿನಿಮಾಕ್ಕೆ ಬರೋಣ. ಕನ್ನಡದಲ್ಲಿ ಬಲಶಾಲಿ ನಾಯಕ ಪ್ರೀತಿಸಲೇಬಾರದು ಅಂತೇನಿರಲಿಲ್ಲ. 1975ರ 'ಮಯೂರ' ನೆನಪಿಸಿಕೊಳ್ಳಿ. ದೇವುಡು ಅವರ ಕಾದಂಬರಿ ಆಧರಿಸಿದ್ದು. ಕದಂಬರ ಬನವಾಸಿ ಅಂದರೆ ನಮ್ಮ ಮುಂಡಗೋಡಿಗೆ ಹತ್ತಿರದ ಊರೇ. ರಾಜ್‌ಕುಮಾರ್ ಪಲ್ಲವರ ಮಲ್ಲರೊಡನೆ ಕುಸ್ತಿಯನ್ನೂ ಆಡುತ್ತಾರೆ, ಪಲ್ಲವ ರಾಜಕುಮಾರಿಯನ್ನು ಪ್ರೀತಿಸುತ್ತಲೂ ಇರುತ್ತಾರೆ. ಎರಡಕ್ಕೂ ಜಗಳವೇ ಇಲ್ಲ. ಯಾಕೆ? ಮಯೂರ ಸ್ವತಃ ಅರಸು ಮನೆತನದವನು, ಮುಂದೆ ಅರಸನಾಗುವವನು. ಅವನ ಹಾಲಿಗೆ ಬೇರೆ ಯಾರೂ ದುಡ್ಡು ಕೊಡುತ್ತಿಲ್ಲ. ಹಾಗಾಗಿ ಅವನ ಮನಸ್ಸಿಗೆ ಕಾವಲು ಹಾಕುವವರೂ ಇಲ್ಲ!

'ಪೈಲ್ವಾನ್'ನ ಕೃಷ್ಣ ಹಾಗಲ್ಲ. ಅನಾಥ. ಅವನ ಮೈಯ ಒಂದೊಂದು ಸೇರು ತೂಕವೂ ಸರ್ಕಾರ್ ಹಾಕಿದ ಅನ್ನ. ಅದಕ್ಕೇ ಅವನ ಪ್ರೀತಿ ಅಪರಾಧವಾಗುತ್ತದೆ. ಸಿನಿಮಾ ಇದನ್ನು ಅಪ್ಪ-ಮಗನ ಸೆಂಟಿಮೆಂಟ್ ಆಗಿ ತೋರಿಸುತ್ತದೆ, ಅದು ತಪ್ಪೂ ಅಲ್ಲ. ಸರ್ಕಾರ್ ಬರೀ ಯಜಮಾನನಲ್ಲ, ನಿಜವಾಗಿಯೂ ಅಪ್ಪನಂತೆ ಪ್ರೀತಿಸಿದವನು. ಆದರೆ ಅವನ ಪ್ರೀತಿಗೂ ಷರತ್ತಿನ ಭಾಷೆ ಬಿಟ್ಟು ಬೇರೆ ಭಾಷೆ ಗೊತ್ತಿಲ್ಲ. 'ನಿನ್ನನ್ನು ಕಳಕೊಳ್ಳುವ ಭಯ ನನಗೆ' ಅನ್ನೋದನ್ನು 'ನನ್ನ ಮಾತು ಮೀರಿದೆ' ಅಂತ ಹೇಳುತ್ತಾನೆ. ನಮ್ಮ ಮನೆಗಳಲ್ಲಿ ಅಪ್ಪಂದಿರು ಮಾತಾಡೋದೂ ಹೀಗೆಯೇ ಅಲ್ವಾ?

ಇಲ್ಲೊಂದು ಸ್ವಾರಸ್ಯ ಇದೆ. 'ಪೈಲ್ವಾನ್' ನಿರ್ದೇಶಿಸಿದ ಎಸ್. ಕೃಷ್ಣ ಮೊದಲು ಛಾಯಾಗ್ರಾಹಕರು. 2006ರ ಕೊನೆಗೆ ಬಂದ 'ಮುಂಗಾರು ಮಳೆ'ಗೆ ಕ್ಯಾಮೆರಾ ಹಿಡಿದವರು ಅವರೇ. ಆ ಸಿನಿಮಾ ಕನ್ನಡದ ಹೀರೋಗೆ ಏನು ಮಾಡಿತು ಅಂತ ನಮ್ಮ ವಯಸ್ಸಿನವರಿಗೆ ಬಿಡಿಸಿ ಹೇಳಬೇಕಿಲ್ಲ. ಮಚ್ಚು-ಲಾಂಗು ಹಿಡಿದ ನಾಯಕರ ಕಾಲದಲ್ಲಿ ಗಣೇಶ್ ಮೊಲ ಹಿಡಿದುಕೊಂಡು ಮಳೆಯಲ್ಲಿ ಅಲೆದರು. ಪ್ರೀತಿಸಿದವಳನ್ನು ಪಡೆಯಲಿಲ್ಲ, ಬಿಟ್ಟುಕೊಟ್ಟರು, ಅತ್ತರು. ಜನ ಅದನ್ನು ಒಂದು ವರ್ಷಕ್ಕೂ ಹೆಚ್ಚು ಕಾಲ ಥಿಯೇಟರಿನಲ್ಲಿ ನೋಡಿದರು. ಗಂಡಸು ಸೋತು ಅತ್ತರೂ ಹೀರೋ ಆಗಿಯೇ ಉಳಿಯಬಹುದು ಅಂತ ಆ ಸಿನಿಮಾ ತೋರಿಸಿತು.

ಆದರೆ ಗಮನಿಸಿ, ಪ್ರೀತಂ ಅನುಕೂಲಸ್ಥರ ಮನೆಯ ಹುಡುಗ. ಮಳೆಯಲ್ಲಿ ನೆನೆದು ಅಳಲು ಅವನಿಗೆ ಬಿಡುವಿದೆ. 13 ವರ್ಷದ ನಂತರ ಅದೇ ಛಾಯಾಗ್ರಾಹಕ ನಿರ್ದೇಶಕನಾಗಿ ಅಖಾಡಕ್ಕೆ ಬಂದಾಗ, ನಾಯಕನಿಗೆ ಸೋತು ಅಳುವ ಸ್ವಾತಂತ್ರ್ಯ ಉಳಿಯಲಿಲ್ಲ. ಅತ್ತರೂ ಕೊನೆಗೆ ಎದ್ದು ಗೆಲ್ಲಲೇಬೇಕು. ಹಿಂದಿಯ 'ಸುಲ್ತಾನ್' (2016) ಕೂಡ ಹೀಗೆಯೇ. ಸಲ್ಮಾನ್ ಖಾನ್ ಕನ್ನಡಿಯೆದುರು ತನ್ನ ಬೊಜ್ಜು ಬಂದ ಮೈ ನೋಡಿಕೊಂಡು ಕುಸಿದು ಅಳುವ ದೃಶ್ಯ ಇದೆಯಲ್ಲ, ಅಷ್ಟು ದೊಡ್ಡ ಸ್ಟಾರ್ ಹಾಗೆ ಮೈ ತೋರಿಸಿ ನಾಚಿಕೊಂಡು ಅತ್ತದ್ದು ನಿಜಕ್ಕೂ ದೊಡ್ಡ ವಿಷಯ. ಆದರೆ ಆ ಅಳು ಮುಂದಿನ ಗೆಲುವಿನ ಮುಂಗಡ ಅಷ್ಟೆ. ಅವನ ಹೆಂಡತಿ ಆರ್ಫಾ ಕೂಡ ಕುಸ್ತಿಪಟು. ಬಸಿರಾದಳು ಅಂತ ಒಲಿಂಪಿಕ್ಸ್ ಕನಸು ಬಿಡುತ್ತಾಳೆ. ಆ ನಷ್ಟಕ್ಕೆ ಸಿನಿಮಾದಲ್ಲಿ ಅಂಥದ್ದೊಂದು ಕನ್ನಡಿ ದೃಶ್ಯ ಇಲ್ಲ.

ಕ್ರೀಡಾ-ಪ್ರೇಮ ಸಿನಿಮಾಗಳ ಒಪ್ಪಂದ ನನಗೆ ಅರ್ಥವಾದದ್ದು ಇಷ್ಟು: ಗಂಡಸೇ, ನೀನು ಅಳಬಹುದು, ಆದರೆ ಆಮೇಲೆ ಗೆದ್ದು ತೋರಿಸಬೇಕು. ಗೆಲುವೇ ಕಣ್ಣೀರಿಗೆ ಕಟ್ಟುವ ದಂಡ.

ಹಾಗಾದರೆ ಗೆಲ್ಲುವ ಅವಕಾಶವೇ ಸಿಗದವರ ಕಣ್ಣೀರು?

* * *

ಈ ಪ್ರಶ್ನೆಗೆ ಉತ್ತರ ಹುಡುಕಲು ದೂರ ಹೋಗಬೇಕಿಲ್ಲ. ಹಳಿಯಾಳ, ಜೋಯಿಡಾ, ಮುಂಡಗೋಡ, ಯಲ್ಲಾಪುರದ ಕಾಡಂಚಿನ ಹಳ್ಳಿಗಳಿಗೆ ಹೋದರೆ ಸಾಕು. ಅಲ್ಲಿ ಸಿದ್ದಿಗಳಿದ್ದಾರೆ. 16ನೇ ಶತಮಾನದಿಂದ ಪೋರ್ಚುಗೀಸರು ಆಫ್ರಿಕಾದಿಂದ ಗುಲಾಮರನ್ನಾಗಿ ಗೋವೆಗೆ ತಂದವರಲ್ಲಿ ತಪ್ಪಿಸಿಕೊಂಡವರು, ಬಿಡುಗಡೆಯಾದವರು ಘಟ್ಟ ಹತ್ತಿ ಈ ಕಾಡು ಸೇರಿದರು. ಅವರಲ್ಲಿ ಹಿಂದೂ, ಕ್ರೈಸ್ತ, ಮುಸ್ಲಿಂ ಮೂರೂ ಇದ್ದಾರೆ. ಪರಿಶಿಷ್ಟ ಪಂಗಡದ ಪಟ್ಟಿಗೆ ಸೇರಿದ್ದು 2003ರಲ್ಲಿ. ಅಲ್ಲಿಯ ತನಕ ಸರ್ಕಾರದ ಕಣ್ಣಿಗೆ ಅವರು ಬಿದ್ದದ್ದು ಒಂದೇ ಒಂದು ಕಾರಣಕ್ಕೆ, ಅವರ ಮೈಕಟ್ಟಿಗೆ.

1980ರ ದಶಕದಲ್ಲಿ ಭಾರತೀಯ ಕ್ರೀಡಾ ಪ್ರಾಧಿಕಾರ 'ಸ್ಪೆಷಲ್ ಏರಿಯಾ ಗೇಮ್ಸ್' ಅನ್ನೋ ಯೋಜನೆ ಶುರು ಮಾಡಿತು. ಆಗ ಕ್ರೀಡಾ ಖಾತೆ ನೋಡಿಕೊಳ್ಳುತ್ತಿದ್ದವರು ನಮ್ಮ ಜಿಲ್ಲೆಯ ಜೊತೆ ನಂಟಿದ್ದ ಮಾರ್ಗರೆಟ್ ಆಳ್ವ. ಮುಂದೆ ಇಲ್ಲಿಂದಲೇ ಲೋಕಸಭೆಗೂ ಹೋದರು. 1987ರ ಸುಮಾರಿಗೆ ಸಿದ್ದಿ ಹಳ್ಳಿಗಳಲ್ಲಿ ಮಕ್ಕಳನ್ನು ಓಡಿಸಿ, ಜಿಗಿಸಿ ನೋಡಿ ಆಯ್ಕೆ ಮಾಡಿದರು. ಹಾಸ್ಟೆಲ್, ಕೋಚ್, ಬೂಟು, ಮೊಟ್ಟೆ, ಹಾಲು. ಆಲೋಚನೆ ಸರಳ: ಒಲಿಂಪಿಕ್ಸಿನಲ್ಲಿ ಆಫ್ರಿಕಾ ಮೂಲದವರು ಓಡಿ ಪದಕ ಗೆಲ್ಲುತ್ತಾರೆ, ನಮ್ಮಲ್ಲೂ ಆಫ್ರಿಕಾ ಮೂಲದವರಿದ್ದಾರೆ, ಇವರನ್ನು ಓಡಿಸೋಣ. ಮಕ್ಕಳು ಓಡಿದರು ಕೂಡ. ಕಮಲಾ ಸಿದ್ದಿ, ಫಿಲಿಪ್ ಆಂಟನಿ ಸಿದ್ದಿ, ಜೂಜೆ ಜಾಕಿ ಹರನೋಡಕರ್ ಮುಂತಾದವರು ರಾಷ್ಟ್ರಮಟ್ಟದಲ್ಲಿ ಹೆಸರು ಮಾಡಿದರು.

1993ರಲ್ಲಿ ಸಿದ್ದಿಗಳ ಆ ಯೋಜನೆ ನಿಂತುಹೋಯಿತು. ಕೆಲವರಿಗೆ ಕ್ರೀಡಾ ಕೋಟಾದಲ್ಲಿ ನೌಕರಿ ಸಿಕ್ಕಿತು. ಉಳಿದವರು ಟ್ರಂಕು ಹಿಡಿದು ಊರಿಗೆ ವಾಪಸ್ಸು ಬಂದರು, ಗದ್ದೆಗೆ, ಕೂಲಿಗೆ, ಕಾಡಿಗೆ.

ಸ್ವಲ್ಪ ನಿಂತು ಯೋಚಿಸಿ. ಹತ್ತು-ಹನ್ನೆರಡರ ವಯಸ್ಸಿಗೆ ಮನೆ ಬಿಟ್ಟ ಹುಡುಗ. ಊರಲ್ಲಿ ಅವನ ಕೂದಲು, ಬಣ್ಣ ನೋಡಿ ನಗುತ್ತಿದ್ದರು. ಹಾಸ್ಟೆಲಿಗೆ ಹೋದ ಮೇಲೆ ಅದೇ ಮೈ ದೇಶದ ಆಸ್ತಿ ಅಂದರು. ಐದಾರು ವರ್ಷ ಮೈಯನ್ನೇ ನಂಬಿಕೊಂಡು ಬದುಕಿದ. ಇದ್ದಕ್ಕಿದ್ದಂತೆ ಒಂದು ದಿನ ಸಾಕು, ಹೋಗು ಅಂದರು. ಅವನು ಸೋತಿರಲಿಲ್ಲ. ಯಾರೂ ಅವನನ್ನು ಚಿತ್ ಮಾಡಿರಲಿಲ್ಲ. ಕಣವೇ ಕಾಣೆಯಾಗಿತ್ತು. ಊರಿಗೆ ಬಂದು ಅವನು ಯಾರ ಹತ್ತಿರ ಏನಂತ ಹೇಳಿಕೊಳ್ಳಬೇಕು? ಗಂಡಸು, ಗಟ್ಟಿಮುಟ್ಟಾಗಿದ್ದೀಯ, ದುಡಿದು ತಿನ್ನು ಅಂತಾರೆ. 'ಪೈಲ್ವಾನ್' ಕೃಷ್ಣನಿಗೆ ಕುಸ್ತಿ ಬಿಟ್ಟ ನೋವನ್ನು ಹೇಳಲು ಹಾಡಿತ್ತು, ಹಿನ್ನೆಲೆ ಸಂಗೀತವಿತ್ತು, ಇಂಟರ್ವಲ್ ನಂತರದ ಕತೆಯಿತ್ತು. ಇವರ ಪಾಲಿಗೆ ಇಂಟರ್ವಲ್ಲೇ ಕೊನೆ.

ಸೋಮೇಶ್ವರನ ಮಲ್ಲವಿನೋದಕ್ಕೂ ಈ ಯೋಜನೆಗೂ 850 ವರ್ಷಗಳ ಅಂತರ. ಆದರೆ ಒಳಗಿನ ಲೆಕ್ಕ ಒಂದೇ. ಮೈ ಆರಿಸು, ಮೇಯಿಸು, ಓಡಿಸು. ಒಳಗಿರುವ ಮನಸ್ಸಿನ ಕಾಲಂ ಫಾರಮ್ಮಿನಲ್ಲಿ ಇಲ್ಲ. ಯೋಜನೆಯೇ ಕೆಟ್ಟದ್ದು ಅಂತ ನಾನು ಹೇಳುತ್ತಿಲ್ಲ. ಅದರಿಂದ ಬದುಕು ಕಂಡವರಿದ್ದಾರೆ. ಕೊಲ್ಹಾಪುರದ ಹಾಗೆ ಇಲ್ಲಿಯೂ ಮಾನದ ಒಂದು ಬಾಗಿಲು ತೆರೆದಿತ್ತು. ಮುಚ್ಚಿದ ರೀತಿಯ ಬಗ್ಗೆ ನನ್ನ ತಕರಾರು.

ನಮ್ಮ ಸಿನಿಮಾಗಳು ಸಿದ್ದಿಗಳನ್ನು ಹೇಗೆ ಕಂಡಿವೆ ಅಂತಲೂ ನೋಡಿ. ನೀನಾಸಂನಲ್ಲಿ ಕಲಿತ ಪ್ರಶಾಂತ್ ಸಿದ್ದಿ 'ಪರಮಾತ್ಮ'ದಿಂದ (2011) ಮನೆಮಾತಾದರು. ಅವರ ಪಾತ್ರಗಳಲ್ಲಿ ನನಗೆ ನೆನಪಾಗುವುದು ನಗಿಸುವಂಥವೇ. 'ಸಲಗ'ದಲ್ಲಿ (2021) ಸಿದ್ದಿ ಕಲಾವಿದರ ಹಾಡು-ಕುಣಿತ ರಾಜ್ಯವನ್ನೇ ಕುಣಿಸಿತು. ಜಯನ್ ಚೆರಿಯನ್ ಅವರ 'ರಿದಂ ಆಫ್ ದಮ್ಮಾಮ್' (2024) ಮಾತ್ರ ಸಿದ್ದಿ ಹುಡುಗನೊಬ್ಬನ ಒಳಗಿನ ಸಂಕಟವನ್ನು ಮುಖ್ಯ ಕತೆಯಾಗಿಸಿತು, ಅದು ಚಿತ್ರೋತ್ಸವಗಳ ಸಿನಿಮಾ. ನಮ್ಮ ಸಾಮಾನ್ಯ ಟಾಕೀಸಿನಲ್ಲಿ ಸಿದ್ದಿ ಮೈ ನಗಿಸಬಹುದು, ಕುಣಿಸಬಹುದು. ಪ್ರೀತಿಸಿ, ಸೋತು, ಮಳೆಯಲ್ಲಿ ನಿಂತು ಅಳುವ ಸಿದ್ದಿ ನಾಯಕನನ್ನು ನಾನಂತೂ ಅಲ್ಲಿ ಕಂಡಿಲ್ಲ.

* * *

ಇಷ್ಟಕ್ಕೇ ನಿಲ್ಲಿಸಿದರೆ ಅರ್ಧ ಕತೆ ಹೇಳಿದಂತಾಗುತ್ತದೆ. 2010ರ ದಶಕದ ನಡುವಿನಿಂದ ಮುಂಡಗೋಡದಲ್ಲಿ 'ಬ್ರಿಜಸ್ ಆಫ್ ಸ್ಪೋರ್ಟ್ಸ್' ಅನ್ನೋ ಸಂಸ್ಥೆ ಸಿದ್ದಿ, ಗೌಳಿ ಸಮುದಾಯಗಳ ಮಕ್ಕಳಿಗೆ ಓಟದ ತರಬೇತಿ ಕೊಡಲು ಶುರು ಮಾಡಿತು. ಹಳೆಯ ಯೋಜನೆಯಲ್ಲಿ ಓಡಿದ್ದ ಜೂಜೆ ಜಾಕಿ ಹೊಸ ಮಕ್ಕಳಿಗೆ ಕೋಚ್ ಆದರು. ಬಾಗಿಲು ಮುಚ್ಚಿದ್ದನ್ನು ಕಣ್ಣಾರೆ ಕಂಡವನೇ ಮುಂದಿನವರಿಗೆ ಬಾಗಿಲು ಹಿಡಿದು ನಿಂತದ್ದು! ನನ್ನ ಲೆಕ್ಕದಲ್ಲಿ ಇದು ಯಾವ ಕ್ಲೈಮ್ಯಾಕ್ಸ್ ಫೈಟಿಗೂ ಕಡಿಮೆಯಲ್ಲ.

ಹಳಿಯಾಳದಲ್ಲೂ ಬದಲಾವಣೆ ಆಗಿದೆ. ಕುಸ್ತಿಯ ಕ್ರೀಡಾ ವಸತಿ ನಿಲಯದಿಂದ ಹುಡುಗಿಯರೂ ಮ್ಯಾಟಿಗೆ ಇಳಿದರು. ಹಳಿಯಾಳ ಕಡೆಯ ಕುಸ್ತಿ ಸುದ್ದಿಯಲ್ಲಿ ಲೀನಾ ಸಿದ್ದಿಯಂಥ ಹೆಸರುಗಳು ಬರತೊಡಗಿದವು. ಹನುಮಂತನ ಎದುರು ಹೆಣ್ಣಿನ ನೆರಳೂ ಬೀಳಬಾರದು ಅನ್ನುತ್ತಿದ್ದ ಆಟವಿದು. ಹುಡುಗಿಯೇ ಎದುರು ನಿಂತು ಪಟ್ಟು ಹಾಕುವಾಗ, 'ಹೆಣ್ಣಿನಿಂದ ಬಲ ಕರಗುತ್ತದೆ' ಅನ್ನೋ ಮಾತಿಗೆ ಏನರ್ಥ ಉಳಿಯಿತು? ಬಲ ಗಂಡಸಿನ ಗಂಟಲ್ಲ ಅಂತ ಮ್ಯಾಟೇ ಹೇಳಿಬಿಟ್ಟಿತು.

ಅಖಾಡದ ಆ ಹಳೆಯ ಗುಟ್ಟು ದೇಶದ ಮುಂದೆಯೇ ಬಯಲಾದದ್ದು 2023ರಲ್ಲಿ. ಕುಸ್ತಿ ಫೆಡರೇಶನ್ನಿನ ಅಧ್ಯಕ್ಷರಾಗಿದ್ದವರ ಮೇಲೆ ಲೈಂಗಿಕ ಕಿರುಕುಳದ ಆರೋಪ ಹೊರಿಸಿ ವಿನೇಶ್ ಫೋಗಟ್, ಸಾಕ್ಷಿ ಮಲಿಕ್, ಬಜರಂಗ್ ಪುನಿಯಾ ದೆಹಲಿಯ ಬೀದಿಯಲ್ಲಿ ಕೂತರು. ಮೇ 30ರಂದು ಗೆದ್ದ ಪದಕಗಳನ್ನು ಗಂಗೆಗೆ ಬಿಡುತ್ತೇವೆ ಅಂತ ಹರಿದ್ವಾರಕ್ಕೆ ಹೋಗಿ ಅತ್ತರು. ರೈತ ಮುಖಂಡರು ಸಮಾಧಾನ ಮಾಡಿ ವಾಪಸ್ಸು ಕರೆತಂದರು. ಡಿಸೆಂಬರ್ 21ರಂದು ಸಾಕ್ಷಿ ತಮ್ಮ ಕುಸ್ತಿ ಬೂಟುಗಳನ್ನು ಮೇಜಿನ ಮೇಲಿಟ್ಟು ಅಳುತ್ತಾ ಆಟಕ್ಕೆ ವಿದಾಯ ಹೇಳಿದರು. ಮರುದಿನ ಬಜರಂಗ್ ತಮ್ಮ ಪದ್ಮಶ್ರೀಯನ್ನು ರಸ್ತೆ ಬದಿಯಲ್ಲಿಟ್ಟು ಬಂದರು. ಒಲಿಂಪಿಕ್ಸ್ ಪದಕ ಗೆದ್ದ ಗಂಡಸು, ಜೊತೆಯ ಹೆಣ್ಣುಮಕ್ಕಳ ನೋವಿಗಾಗಿ ಕ್ಯಾಮೆರಾಗಳೆದುರು ಕಣ್ಣೊರೆಸಿಕೊಂಡದ್ದನ್ನು ಜಗತ್ತು ನೋಡಿತು. ಮುಂದೆ ಗೆದ್ದು ತೋರಿಸುತ್ತೇನೆ ಅನ್ನೋ ಷರತ್ತು ಆ ಕಣ್ಣೀರಿಗೆ ಇರಲಿಲ್ಲ. ಹಾಲು ಕೊಟ್ಟವರಿಗೆ ಮೈಯ ಮೇಲೆ ಹಕ್ಕಿಲ್ಲ ಅಂತ ಪೈಲವಾನರೇ ಗಟ್ಟಿಯಾಗಿ ಹೇಳಿದರು. ಸೋಮೇಶ್ವರನ ಕಾಲದಿಂದ ಬಾಕಿಯಿದ್ದ ಮಾತು ಅದು.

ಯಾರಾದರೂ ಹಳಿಯಾಳದ ಬಗ್ಗೆ ಒಂದು ಪ್ರೇಮದ, ಆಟದ ಸಿನಿಮಾ ಮಾಡುವುದಾದರೆ ನನ್ನದೊಂದು ಕೋರಿಕೆ. ನಾಯಕ 1993ರಲ್ಲಿ ಟ್ರಂಕು ಹಿಡಿದು ಊರಿಗೆ ಬಂದ ಸಿದ್ದಿ ಹುಡುಗನಾಗಿರಲಿ. ಬಸ್ಸಿಳಿದು, ಕಾಡುದಾರಿ ನಡೆದು ಮನೆ ಮುಟ್ಟಲಿ. ಅವನಿಗಾಗಿ ಕಾದಿದ್ದವಳೊಬ್ಬಳು ಇರಲಿ. ಅವಳ ಎದುರು ಅವನು ಅಳಲಿ. ಆಮೇಲೆ ಅವನು ಯಾವ ಪದಕವನ್ನೂ ಗೆಲ್ಲದೆ ಹೋದರೂ ಪರವಾಗಿಲ್ಲ, ಜನ ಎದ್ದು ಹೋಗೋದಿಲ್ಲ. 'ಮುಂಗಾರು ಮಳೆ'ಯನ್ನು ವರ್ಷಗಟ್ಟಲೆ ನೋಡಿದ ಜನ ನಾವು.